ಕೆಂಪು ಶಾಯಿಯ ಖ

…ಅದನ್ನ ಮುಟ್ಟಬ್ಯಾಡ್ರಿ ಕಲ್ಲವ್ವಾರ! ಹಾವು ಸತ್ತದ, ಕಡಿಯೂದಿಲ್ಲ. ಆದ್ರ ಬಾಟಲಿ ಬಿರಡಿ ಸಡಲ ಆಗ್ಯದ, ಸ್ಪಿರಿಟ್ ಚೆಲ್ಲಿದ್ರ ಇಡೀ ಖೋಲಿ ನಾರ್ತದ. ಕೂಡ್ರಿ. ಆ ಕುರ್ಚಿ ಮ್ಯಾಲ ಕೂಡ್ರಿ. ನಿಮ್ಮ ಮಗಂದ ಆ ಕುರ್ಚಿ. ಎರಡು ವರ್ಷ ಅಲ್ಲೇ ಕೂತು ಈ ಬಾಟಲಿಗೆಲ್ಲಾ ಚೀಟಿ ಬರದು ಅಂಟಿಸ್ಯಾನ… ನೆಲಾನ ಆರಾಮೇನು? ಆಗ್ಲಿ, ನೆಲದ ಮ್ಯಾಲ ಕೂಡ್ರಿ. ನಿಮ್ಮಿಷ್ಟ.

ಹ್ಯಾಂಗ ಹೋದ ಅಂತ ಬಾಗಿಲದಾಗ ನಿಂತು ಕೇಳಿದ್ರಿ. ತಾರಿನೊಳಗ ನಾಕ ಶಬ್ದ ಇದ್ದು, ಅವೂ ಇಂಗ್ಲಿಷಿನಾಗ. ನಿಮಗ ತಿಳಿಯಲಿಲ್ಲ, ಸಹಜ. ನಾನು ಸರಳ ಹೇಳ್ತೀನಿ. ಬಸವನಹುಳ ಕಚ್ಚಿತು.

ಯಾಕ ಹಂಗ ನೋಡ್ತೀರಿ? ಚಾಷ್ಟಿ ಅಲ್ರಿ. ಹೌದು, ಬಸವನಹುಳಾನ. ಮಳಿ ಬಂದಾಗ ನಿಮ್ಮ ಹಿತ್ತಲ ಗ್ವಾಡಿ ಮ್ಯಾಲ ಹರದಾಡ್ತದಲ್ಲ, ಅದರ ದಾಯಾದಿ. ಸಮುದ್ರದಾಗ ಇರ್ತದ. ತಲಿ ಮ್ಯಾಲ ಎತ್ತಿಗೆ ಇದ್ಧಂಗ ಎರಡು ಕೋಡು, ಅದಕ್ಕ ಬಸವನಹುಳ ಅಂದ್ರು. ವೃಷಭ ಅನ್ನೂ ಶಬ್ದ ಮಂದಿ ಬಾಯಾಗ ಸವದು ಸವದು ಬಸವ ಆತು. ವೀರ ಸವದು ಈರ ಆತು. ಎರಡೂ ಕೂಡಿ ಈರಬಸಪ್ಪ! ಅಂದ್ರ ನೋಡ್ರಿ, ನಿಮ್ಮ ಮಗನ ಹೆಸರಿನ ಅರ್ಧ ಆ ಹುಳದ ಹೆಸರಿನಾಗ ಅದ. ತನ್ನ ಹೆಸರಿನ ಹುಳಾನ ತನ್ನನ್ನ… ತಪ್ಪು ತಿಳೀಬ್ಯಾಡ್ರಿ. ಶಬ್ದದ ಹುಚ್ಚು ಹಿಡದವಗ ಇಂಥಾದ್ದು ಕಂಡ್ರ ಬಾಯಿ ಸುಮ್ನಿರೂದಿಲ್ಲ.

ನನ್ನ ಹೆಸರೂ ಏನ ಭಾಗ್ಯದ್ದಲ್ಲ. ಮಾರ್ತಾಂಡ. ಸೂರ್ಯ ಅಂತ ನಮ್ಮವ್ವ ಇಟ್ಟಳು. ಬಿಚ್ಚಿ ನೋಡಿದ್ರ ಸತ್ತ ತತ್ತಿಯೊಳಗಿಂದ ಬಂದವ ಅಂತ ಆಗ್ತದ. ಇನ್ನು ನೀವು, ಕಲ್ಲವ್ವ… ಹೆಸರಿಗೆ ತಕ್ಕಂಗ ಕೂತೀರಿ. ಅಳ್ತೀರಿ ಅಂದ್ಕೊಂಡಿದ್ದೆ. ಪುಣೇದಾಗಿನ ಹೆಣಮಕ್ಕಳಾಗಿದ್ರ ಇಷ್ಟೊತ್ತಿಗೆ ಈ ಖೋಲಿ ಎತ್ತಿ ಇಡ್ತಿದ್ರು. ಅಳಲಿಲ್ಲ, ಛಲೋ ಆತು. ನನಗ ಅಳೂ ಸಪ್ಪಳ ಆಗೂದಿಲ್ಲ.

ನೋವಾತೇನು ಅವಗ? ಅದನ್ನ ಕೇಳಬೇಕಂತೀರಿ, ಮುಖದ ಮ್ಯಾಲ ಕಾಣ್ತದ. ಪುಸ್ತಕದಾಗ ಬರದದ್ದು ಹೇಳ್ತೀನಿ. ಆ ಹುಳದ ಹಲ್ಲು ಅಂದ್ರ ಸೂಜಿ. ಒಳಗ ಪೊಳ್ಳು, ತುದಿಗೆ ಗಾಳದ ಕೊಕ್ಕಿ. ಸೊಂಡಿ ಚಾಚಿ ಚುಚ್ಚತದ, ವಿಷ ಒಳಗ ಹೋಗ್ತದ. ಮೀನಾದ್ರ ಅಲ್ಲೇ ಸೆಟೆದು ನಿಲ್ಲತದ. ಮನಷ್ಯಾ ಆದ್ರ ಸ್ವಲ್ಪ ಹೊತ್ತು ಹಿಡೀತದ. ಮೊದಲ ಬೆರಳು ಜೋಮು. ಆಮ್ಯಾಲ ತುಟಿ. ಆಮ್ಯಾಲ ನಾಲಿಗಿ ಹೊರಳೂದಿಲ್ಲ, ಅಕ್ಷರ ಹೊರಡೂದಿಲ್ಲ. ಕಣ್ಣರೆಪ್ಪಿ ಎತ್ತಲಿಕ್ಕಾಗೂದಿಲ್ಲ. ಕಡೀಕ ಉಸಿರು. ನೋವು ಭಾಳ ಇರೂದಿಲ್ಲಂತ, ಸಮಾಧಾನ ತಗೋರಿ. ಅವ್ವಾ ಅಂತ ಕರೀಲಿಕ್ಕೂ ಆಗಿರಲಿಕ್ಕಿಲ್ಲ.

ನೀರು ಕೊಡ್ಲೇನು? ಬ್ಯಾಡಾ? ನಮ್ಮ ಕೊಡದ್ದು ಕುಡೀತೀರೋ ಇಲ್ಲೋ ಅಂತ ನನಗೂ ಅನುಮಾನ ಇತ್ತು.

ಆದ್ರ ಚಂದ! ನೋಡ್ಲಿಕ್ಕೆ ಎಷ್ಟ ಚಂದ ಅಂತೀರಿ! ಅರ್ಧ ಗೇಣು ಉದ್ದ. ಬಿಳೀ ಮೈ, ಮ್ಯಾಲ ಜೇನಿನ ಬಣ್ಣ, ಅದರ ಮ್ಯಾಲ ಕಂದು ಗೆರಿ, ಗೆರಿ ಕೂಡಿ ಕೂಡಿ ಸಣ್ಣ ಸಣ್ಣ ಗೋಪುರ. ನೀವು ಉಟ್ಟೀರಲ್ಲ ಇಳಕಲ್ಲ ಸೀರಿ, ಅದರ ಸೆರಗಿನ ತೆನಿ ಹಂಗ. ಬಾಯಿ ಅಂಚಿನ್ಯಾಗ ಒಂದು ಚೂರು ಮುಕ್ಕಾಗಿತ್ತು, ಅಷ್ಟ ಕೊರತಿ. ಇಲ್ಲಂದ್ರ ಮುಂಬೈ ಮ್ಯೂಸಿಯಮ್ಮಿನವರೂ ಕಣ್ಣರಳಿಸಿ ನೋಡ್ತಿದ್ರು.

ಅದರ ಹೆಸರಿನ ಮ್ಯಾಲ ಹೇಳ್ತೀನಿ ಕೇಳ್ರಿ. ಬುಡ ಅಗಲ, ತುದಿ ಚೂಪು. ಇಂಥಾ ಆಕಾರಕ್ಕ ಶಂಕು ಅಂತಾರ, ಆ ಹುಳಕ್ಕೂ ಅದ ಹೆಸರು. ಇಂಗ್ಲಿಷಿನವರು ಕೋನ್ ಅಂತಾರ. ನಮ್ಮಲ್ಲಿ ಮೂಲಿಗೆ ಕೋನ ಅಂತೀವಿ. ಕೋನ್, ಕೋನ, ನೋಡ್ಲಿಕ್ಕೆ ಅವಳಿ ಜವಳಿ. ಆದ್ರ ರಕ್ತ ಬ್ಯಾರೆ! ಇತ್ತ ಗ್ರೀಕರ ಕೋಂಖೆ ನಮ್ಮ ಶಂಖದ ಸ್ವಂತ ತಂಗಿ, ಯಾರರೆ ಗುರ್ತು ಹಿಡೀತಾರೇನು? ಶಂಖ ಊದೂದು. ಶಂಕು ಚೂಪಿಂದು. ಗೂಟಕ್ಕೂ ಶಂಕು ಅಂತಾರ, ಬಾಣಕ್ಕೂ ಅಂತಾರ. ಇನ್ನು ಶಂಕಾ ಅಂದ್ರ ಅನುಮಾನ. ಶಂಖ, ಶಂಕು, ಶಂಕಾ. ಮೂರು ಶಬ್ದ, ಮೂರು ಬ್ಯಾರೆ ಬ್ಯಾರೆ ಮನಿ ಕೂಸು. ಕಿವಿಗೆ ಒಂದ ಥರಾ ಕೇಳಿಸಿದ್ವು ಅಂದ್ರ ಒಬ್ಬ ತಾಯಿ ಹೊಟ್ಟ್ಯಾಗ ಹುಟ್ಯಾವ ಅಂತ ಅಲ್ಲ.

ಇದನ್ನ ನಾನು ನಿಮ್ಮ ಮಗಗ ಎಷ್ಟು ಸಲ ಹೇಳೀನಿ! ಒಂದು ಐತವಾರ ಇಬ್ಬರೂ ಧನಕವಡಿ ಕಡೆ ಅಡ್ಡಾಡ್ಲಿಕ್ಕೆ ಹೋಗಿದ್ವಿ. ಕಾತ್ರಜದ ಗುಡ್ಡ ಕಾಣೂ ಜಾಗಾದಾಗ ನಿಂತು ಕೇಳತಾನ, "ಗುರುಗಳ, ಧನ ಅಂದ್ರ ರೊಕ್ಕ, ಕವಡಿ ಅಂದ್ರನೂ ಹಿಂದಿನ ಕಾಲದ ರೊಕ್ಕ. ಈ ಊರಾಗ ಯಾರೋ ಸಾವಕಾರ ಕವಡಿ ಹುಗದಿಟ್ಟಿರಬೇಕಲ್ರಿ?" ಹೊಟ್ಟಿ ಹಿಡಕೊಂಡು ನಕ್ಕೆ. ಕಿವಿಗೆ ಕೇಳಿಸಿತು ಅಂತ ಊರಿನ ಹೆಸರಿಗೆ ಕವಡಿ ಗಂಟು ಹಾಕ್ತಾನ! ಆ ಮಾತು ಮರುದಿನ ಎಲ್ಲಾರಿಗೂ ಹೇಳಿದೆ. ಪಟ್ಟೇವಾಲಾ ಜವಾನ ಸೈತ ಅವನ್ನ ಕವಡಿ ಸಾವಕಾರ ಅಂತ ಕರೀಲಿಕ್ಕೆ ಹತ್ತಿದ.

ನಗೂ ಬರೂದಿಲ್ಲ ನಿಮಗ? ಅವಗ ಬರ್ತಿತ್ತು. ಅವನೂ ನಕ್ಕಾ. ನಗತಿದ್ದಾ, ಕಿವಿ ಮಾತ್ರ ಕೆಂಪಗ ಆಗ್ತಿದ್ದು.

ಇನ್ನೊಂದು ಹೇಳ್ತೀನಿ. ಅವ ಬಂದ ಹೊಸತು. ಬಿ.ಎಸ್ಸಿ. ಆಗ್ಯದ, ಮೊದಲ ದರ್ಜಿ, ಕೈ ಚಿತ್ರ ಬರದ್ರ ಛಾಪಿಸಿಧಂಗ. ಆದ್ರ ನಾಲಿಗಿ? ನಿಮ್ಮೂರ ನಾಲಿಗಿ. ಖ ಬರಂಗಿಲ್ಲ, ಘ ಬರಂಗಿಲ್ಲ. ಕರ್ಚು ಅಂತಾನ, ಗಂಟಿ ಬಾರಿಸ್ತಾನ. ಕ್ಲಾಸಿನಾಗ ನಮ್ಮ ಪ್ರೊಫೆಸರ್ ಸಾಹೇಬರು ಶಂಖ ತಗೊಂಡು ಬಾ ಅಂತ ಕಳಿಸಿದ್ರು. ಇವ ಶಂಖ ಎರಡೂ ಕೈಯಾಗ ಹಿಡಕೊಂಡು, ಬಾಗಿಲದಾಗ ನಿಂತು, ಮರಾಠಿಯೊಳಗ ದೊಡ್ಡ ದನಿಲೆ ಹೇಳಿದ, "ಮಲಾ ಶಂಕಾ ಆಹೇ, ಸರ್!"

ತಿಳೀಲಿಲ್ಲೇನು? ಶಂಖ ತಂದೀನಿ ಅನ್ನಬೇಕಿತ್ತು. ಅಲ್ಲಿ ಶಂಕಾ ಅಂದ್ರ… ಹೆಣಮಕ್ಕಳ ಮುಂದ ಹ್ಯಾಂಗ ಹೇಳ್ಲಿ… ಒಂದಕ್ಕ ಹೋಗೂದು. ಲಘುಶಂಕಾ. ಐವತ್ತು ಹುಡುಗರು! ಮೇಜು ಬಡೀತಾರ, ಸೀಟಿ ಹೊಡೀತಾರ. ಸಾಹೇಬರಿಗೂ ತಡಕೊಳ್ಳಲಿಕ್ಕಾಗಲಿಲ್ಲ, "ಮಗ ಬಾಹೇರ್ ಜಾ" ಅಂದ್ರು. ಹಂಗಾರ ಹೊರಗ ಹೋಗು ಅಂತ. ಈ ಪುಣ್ಯಾತ್ಮ ಖರೇನ ಹೋದ! ಕ್ಲಾಸು ಮುಗಿಯೂ ತನಕ ಪಡಸಾಲ್ಯಾಗ ಶಂಖ ಹಿಡಕೊಂಡು ನಿಂತಿದ್ದ.

ಆ ದಿನ ನನಗ ಮರುಕ ಬಂತು. ಮರುಕಾನೋ ಏನೋ. ಕರದು ಕಲಿಸಿದೆ. ಅಂಗೈ ಬಾಯಿ ಮುಂದ ಹಿಡಿ. ಕ ಅನ್ನು. ಉಸಿರು ತಾಗ್ಬಾರ್ದು. ಈಗ ಖ ಅನ್ನು. ಅಂಗೈಗೆ ಬಿಸಿ ಉಸಿರು ಬಡೀಬೇಕು. ಎಲ್ಲಾರ ಮುಂದ ದಿನಾ ಹತ್ತು ಸಲ ಅನಿಸ್ತಿದ್ದೆ. ಕೆಮ್ಮೂ ಬೆಕ್ಕಿನ ಹಂಗ ಖ, ಖ, ಖ… ಹುಡುಗರು ಕಿಡಕಿ ಮುಂದ ಜಮಾಸ್ತಿದ್ರು ಅದನ್ನ ನೋಡ್ಲಿಕ್ಕೆ. ದೀಪಾವಳಿ ರಜಾಕ್ಕ ಊರಿಗೆ ಹೋಗಿ ಬಂದಾಂವ ನನ್ನ ಮುಂದ ನಿಂತು, ಶಂಖ ಅಂದ. ಸ್ವಚ್ಛ! ನಾನು ಏನೂ ಅನ್ನಲಿಲ್ಲ. ಯಾಕ ಅನ್ನಬೇಕು? ಬರಹದಾಗ ಮಾತ್ರ ಅವನ ಹಾಳಿ ತಿದ್ದೂದು ಬಿಡಲಿಲ್ಲ. ಅದು ನನ್ನ ರೂಢಿ.

ಮಾಲವಣದ ಸಮುದ್ರ ದಂಡಿಗೆ ಅವನ್ನ ಯಾರು ಕಳಿಸಿದ್ರು ಅಂತನಾ? ನಾನಲ್ಲ. ಸಾಹೇಬರು. ಕೊಂಕಣ ದಂಡಿ ಮ್ಯಾಲಿನ ಚಿಪ್ಪುಗಳ ಪಟ್ಟಿ ಮಾಡ್ಲಿಕ್ಕೆ ಹತ್ತಿದ್ವಿ, ಅಂಬಿಗರು ಕರಿಯೂ ಹೆಸರು ಸಮೇತ. ಯಾವ ಹೆಸರು ಎಲ್ಲಿಂದ ಬಂತು, ಬೇರು ಎಲ್ಲದ, ಅದು ನನ್ನ ಕೆಲಸ. ಆರು ವರ್ಷದ ಕೆಲಸ ಕಲ್ಲವ್ವಾರ! ಇವ ಬಂದು ದೋಣಿಯಿಂದ ದೋಣಿಗೆ ಜಿಗಿದು, ಚಿತ್ರ ಬರದು, ಹೆಸರು ಕೂಡಿಸಿದ. ಒಂದೂವರಿ ವರ್ಷ. ಸಾಹೇಬರು ಒಂದು ದಿನ ಚಹಾ ಕುಡೀತ ಕುಡೀತ ಹೇಳಿದ್ರು, ಪಟ್ಟಿ ಛಾಪಿಸೋಣು, ರಟ್ಟಿನ ಮ್ಯಾಲ ಈರಬಸಪ್ಪನ ಹೆಸರು ಇರ್ಲಿ. ಮಾರ್ತಾಂಡ ಶಬ್ದ ನೋಡ್ಯಾನ, ಅವಗ ಒಳಗ ಆಭಾರ ಹೇಳೋಣು.

ಆಭಾರ!

…ದನಿ ಏರಿತೇನು? ಕ್ಷಮಿಸ್ರಿ. ಈಗ ಆ ಪ್ರಶ್ನೆನ ಇಲ್ಲ. ಈಗ ರಟ್ಟಿನ ಮ್ಯಾಲ ನನ್ನ ಹೆಸರು ಬರ್ತದ. ಇನ್ನ್ಯಾರದು ಹಾಕ್ತಾರ? ನಾ ಅವನ್ನ ಮರತಿಲ್ರಿ. ದಿವಂಗತ ಈರಬಸಪ್ಪನ ನೆರವಿನಿಂದ ಅಂತ ಒಳಗ ಹಾಕಸ್ತೀನಿ. ಸಣ್ಣ ಅಕ್ಷರದಾಗ. ನಿಮಗ ಒಂದು ಪ್ರತಿ ಕಳಸ್ಲೇನು? ಓದಲಿಕ್ಕೆ ಬರೂದಿಲ್ಲ ಅಂದ್ರೂ ಮನ್ಯಾಗ ಇರ್ತದ.

ಖರೇ ಸಂಕಟ ಏನಂದ್ರ, ಅವ ನನಗ ಒಂದು ಮಾತು ಕೇಳಬೇಕಿತ್ತು. ಮಾಲವಣದಿಂದ ಒಂದ ಕಾರ್ಡು! ಇಂಥಾದ್ದು ಸಿಕ್ಕದ, ಜೀವ ಅದ, ಮುಟ್ಲೇನು ಅಂತ. ನಾನು ತಾರು ಮಾಡ್ತಿದ್ದೆ, ಮುಟ್ಟಬ್ಯಾಡಾ ಅಂತ. ಕೇಳಲಿಲ್ಲ. ಒಂದ ಅಕ್ಷರ ಬರೀಲಿಲ್ಲ. ಕೈ ಹಾಕಿದ, ಚುಚ್ಚಿಸ್ಕೊಂಡ, ಅವನ ಕೈಯಿಂದ ಜಾರಿ ಆ ಚಿಪ್ಪೂ ಸಮುದ್ರಕ್ಕ ಹೋತು. ದೋಣಿಯವನೂ ಸರಿಯಾಗಿ ನೋಡಲಿಲ್ಲಂತ. ಯಾರ ಕಣ್ಣಿಗೂ ಬೀಳಲಿಲ್ಲ. ನನಗರೆ ಎಲ್ಲಿ ನೋಡ್ಲಿಕ್ಕೆ ಸಿಗಬೇಕು?

ಏನು? ಸಂಚಿಯೊಳಗ ಏನ್ ಹುಡಕ್ತೀರಿ? ಎಲಿ ಅಡಕಿ ಇಲ್ಲಿ ಬ್ಯಾಡ್ರಿ, ಸಾಹೇಬರಿಗೆ…

ಇದು…

ಇದೆಲ್ಲಿತ್ತು?

ಅಂಗಿ ಕಿಸೆದಾಗ? ಅವನ ಮೈಮ್ಯಾಲಿನ ಅಂಗಿ? ಹೌದು, ಉಪ್ಪಿನ ಕಲಿ ಅದ… ಯಾರಿಗರೆ ತೋರಿಸೀರೇನು? ಭವಾನಿ ಪೇಟ್ಯಾಗ ನೀವು ಇಳಕೊಂಡೀರಲ್ಲ, ಆ ಶಿವರುದ್ರಪ್ಪ ಸಾವಕಾರರಿಗೆ? ಗಾಡಿಯೊಳಗ ಯಾರಿಗರೆ? ಇಲ್ಲಾ? ತಲಿ ಅಲ್ಲಾಡಿಸಿದ್ದು ಇಲ್ಲಾ ಅಂತ ಅಲ್ಲ? ಛಲೋ ಆತು. ಭಾಳ ಛಲೋ ಆತು. ಮಗನ ಕಾಗದ ಕಂಡವರ ಕೈಯಾಗ ಕೊಡಬಾರದು.

ಓದು ಅಂತೀರಿ. ಓದ್ತೀನಿ. ಯಾಕ ಓದೂದಿಲ್ಲ? ಕನ್ನಡಕ… ಹ್ಞಾಂ. ಕೇಳ್ರಿ. "ತೀರ್ಥರೂಪ ಮಾತೋಶ್ರೀಯವರ ಚರಣಗಳಿಗೆ ಸಾಷ್ಟಾಂಗ ನಮಸ್ಕಾರಗಳು. ಇಲ್ಲಿ ನಾನು ಕ್ಷೇಮ. ಸಮುದ್ರದ ಗಾಳಿ ಮೈಗೆ ಹಿಡಿಸಿದೆ. ಗುರುಗಳಾದ ಮಾರ್ತಾಂಡರು ನನ್ನನ್ನು ಸ್ವಂತ ತಮ್ಮನ ಹಾಗೆ ನೋಡಿಕೊಳ್ಳುತ್ತಾರೆ. ಯುಗಾದಿಗೆ ಊರಿಗೆ ಬರುತ್ತೇನೆ. ನೀವು ಚಿಂತೆ ಮಾಡಬಾರದು." ನೋಡ್ರಿ! ಎಷ್ಟು ಪ್ರೀತಿ ನಿಮ್ಮ ಮ್ಯಾಲ. ತಗೋರಿ, ಜೋಪಾನ ಇಡ್ರಿ.

ಯಾಕ? ಮತ್ತ ಯಾಕ ನನ್ನ ಕಡೆ ಸರಸ್ತೀರಿ? ಓದಿದ್ನಲ್ಲ.

ಬೆರಳು ಯಾಕ ಮಡಚ್ತೀರಿ? ಒಂದು, ಎರಡು… ಸಾಲು ಎಣಸ್ತೀರೇನು? ಐದ ಗಿಡ್ಡ ಸಾಲು ಅದಾವ. ಹೌದು. ಐದ ಸಾಲಿನಾಗ ಇಷ್ಟೆಲ್ಲಾ ಹಿಡೀತದೇನು ಅಂತನಾ? ಅಲ್ರಿ, ಅಕ್ಷರ ಗೊತ್ತಿಲ್ಲದವರು ನೀವು… ಆತು. ಆತು! ನಿಮ್ಮ ಮನಸ್ಸಿಗೆ ತಂಪಾಗ್ಲಿ ಅಂತ ಸ್ವಲ್ಪ ಕೂಡಿಸಿದೆ. ಅದೇನ ಪಾಪ ಅಲ್ಲ. ಇದು ನಿಮಗ ಬರದದ್ದಲ್ಲ. ಈಗ ಇದ್ದದ್ದು ಇದ್ಧಂಗ ಓದ್ತೀನಿ. "ಗುರುಗಳೇ, ಇಂದು ಹನ್ನೆರಡು ಚಿಪ್ಪು ಸಿಕ್ಕಿವೆ. ಹವೆ ಚೆನ್ನಾಗಿದೆ. ಸೋಮವಾರ ಹೊರಡುತ್ತೇನೆ." ಇಷ್ಟ. ಬಾಕಿ ಇದ್ದದ್ದು ಚಿತ್ರ. ಬ್ಯಾಸರಕ್ಕ ಗೀಚ್ಯಾನ, ಬುಗರಿ ಹಂಗ.

ಒಂದ ಅಕ್ಷರ ಬರೀಲಿಲ್ಲ ಅಂದಿದ್ನೇನು ನಾನು? ಆಗ… ಮರತಿದ್ದೆ. ದಿನಾ ಎಷ್ಟು ಕಾಗದ ಬರ್ತಾವ ಇಲ್ಲಿ.

ಶಾಯಿ ಕುಡಿಕಿ ಯಾಕ ನೋಡ್ತೀರಿ? ಕೆಂಪು ಶಾಯಿ ನನ್ನದ. ಕಾಗದದ ಮ್ಯಾಲಿನ ಕೆಂಪೂ ನನ್ನದ. ಅಡಗಿಸೂದೇನದ? ಅವ ಏನ್ ಬರದು ಕಳಸ್ತಿದ್ದ, ತಿದ್ದಿ ಅದ ಹಾಳಿ ವಾಪಸ್ ಟಪಾಲಿಗೆ ಹಾಕ್ತಿದ್ದೆ. ಕಾಗುಣಿತ ತಿದ್ದೀನಿ. ಒಂದು ಅಕ್ಷರ ಹೊಡದು ಮ್ಯಾಲ ಒಂದು ಅಕ್ಷರ ಬರದೀನಿ. ಕಾಗುಣಿತ ತಿದ್ದಿದವರನ್ನ ಹಿಡದು ಯೆರವಡಾ ಜೇಲಿಗೆ ಹಾಕೂ ಕಾಯ್ದೆ ಇನ್ನೂ ಬಂದಿಲ್ಲ.

ಬೆರಳು ತಗೀರಿ.

ಆ ಅಕ್ಷರದ ಮ್ಯಾಲಿಂದ ಬೆರಳು ತಗೀರಿ ಕಲ್ಲವ್ವಾರ. ಇಡೀ ಹಾಳಿಯೊಳಗ ಅದಕ್ಕ ಯಾಕ ಬೆರಳು ಹಚ್ಚಿದ್ರಿ? ನಿಮಗ ಅಕ್ಷರ ಬರೂದಿಲ್ಲ. ಬರೂದಿಲ್ಲಂದ್ರ ಬರೂದಿಲ್ಲ. ಅವನ ಹೇಳ್ಯಾನ ನನಗ, ನಮ್ಮವ್ವಗ ಒಂದ ಅಕ್ಷರ ಸೈತ…

ಏನದು? ನೆಲದ ಮ್ಯಾಲ ಏನ್ ಗೀಚ್ತೀರಿ?

ಖ.

ಇದೊಂದ ಬರ್ತದ? ಇದೊಂದ? ಯಾರು… ಅವನಾ? ದೀಪಾವಳಿ ರಜಾದಾಗ? ಗ್ವಾಡಿಗೆ ಇದ್ದಲಿಲೆ ಬರೀತಿದ್ದನಾ? ಇಡೀ ಗ್ವಾಡಿ? ನೀವು ಅದನ್ನ ನೋಡಿ ನೋಡಿ… ಹ್ಞೂಂ. ಖ ಬರದದ್ದು ನಾನು. ಹೌದು. ಅವಗ ಆ ಅಕ್ಷರ ಬರ್ತಿತ್ತು, ಹೌದು. ಹಂಗಾದ್ರ ನಾನು ಏನು ತಿದ್ದಿದೆ ಅಂತ ನಿಮ್ಮ ಪ್ರಶ್ನೆ. ಅವ ಏನು ಬರದಿದ್ದ ಅಂತ.

ಹತ್ರ ಯಾಕ ಬಂದ್ರಿ? ಕೂಡ್ರಿ. ಕೂಡ್ರಿ ಅಂದೆ!

ಅಂಗೈ… ನನ್ನ ಬಾಯಿ ಮುಂದ ಅಂಗೈ ಯಾಕ ಹಿಡದ್ರಿ? ಇದನ್ನೂ ಕಲಿಸ್ಯಾನ ನಿಮಗ. ನಾನು ಕಲಿಸಿದ್ದನ್ನ. ತಗೀರಿ ಕೈ. ಸಗಣಿ ವಾಸನಿ… ತಗೀರಿ ಅಂತೀನಿ! ಯಾರರೆ ಬಂದ್ರ ಏನಂದಾರು? ಏನರೆ ಅನ್ರಿ, ಬೈರಿ, ಮಣ್ಣು ತೂರ್ರಿ, ಹಿಂಗ ಸುಮ್ನ ಕೈ ಹಿಡಕೊಂಡು…

ಓದ್ತೀನಿ. "ಗುರುಗಳೇ, ಇವತ್ತು ಒಂದು ಶಂ… ಒಂದು ಸಿಕ್ಕಿದೆ. ಜೀವವಿದೆ. ಚಿತ್ರ ಬರೆದಿದ್ದೇನೆ. ಅಂಬಿಗರು ಮುಟ್ಟಬೇಡ ಅನ್ನುತ್ತಾರೆ. ಬೋಗುಣಿ ನೀರಲ್ಲಿಟ್ಟು ಕಾಯುತ್ತಿದ್ದೇನೆ. ಮುಟ್ಟಲೇ?" ಇನ್ನು ಕೆಂಪು. ಕೆಂಪಿನಾಗ… "ಇನ್ನೂ ಖ ಬರಲಿಲ್ಲವೇ? ಅದು ಶಂಖ. ಶಂಖ ಯಾರನ್ನೂ ಕಚ್ಚುವುದಿಲ್ಲ. ಕೈಯಲ್ಲಿ ಹಿಡಿದು ತಾ."

ಬಿಸಿ ತಾಗಿತಲ್ಲ ಅಂಗೈಗೆ? ಅದು ನಾನು ಬರದ ಶಬ್ದ.

ತಪ್ಪು ತಿಳಿದೆ ಅಂತ ಹೇಳ್ತೀನಿ, ಕೇಳ್ರಿ! ಅವ ಯಾವಾಗಲೂ ಖ ತಪ್ಪತಿದ್ದ. ಈ ಸಲಾನೂ ತಪ್ಪ್ಯಾನ ಅಂದ್ಕೊಂಡೆ. ಶಂಖ ಅನ್ನೂದಕ್ಕ ಹಂಗ ಬರದಾನ ಅಂತ… ಕೈ ಅಭ್ಯಾಸಕ್ಕ ತಿದ್ದಿತು. ಚಿತ್ರ ನಾನು ನೋಡಲಿಲ್ಲ. ದೇವರಾಣಿ, ಅಕ್ಷರ ಅಷ್ಟ ನೋಡಿದೆ. ಚಿತ್ರದ ಮ್ಯಾಲ ಕಣ್ಣು ಸೈತ…

ಇನ್ನೊಂದು ಕೈ ಎಲ್ಲಿಟ್ರಿ?

ಚಿತ್ರದ ಮ್ಯಾಲ. ಬಾಯಿ ಅಂಚಿಗೆ.

ಮುಕ್ಕು.

ಮುಕ್ಕಿನ ಮಾತು… ಆಗ ನಾನ ಹೇಳಿದೆ, ಅಲ್ರಿ? ಇಳಕಲ್ಲ ಸೆರಗಿನ ಮಾತು ಹೇಳುವಾಗ. ಯಾರ ಕಣ್ಣಿಗೂ ಬೀಳದ ಚಿಪ್ಪು.

ಕೈ ತಗೀರಿ ಕಲ್ಲವ್ವಾರ. ಅವ ಬರದ ಶಬ್ದ ಹೇಳ್ತೀನಿ. ಹೇಳ್ತೀನಿ, ಕೈ ತಗೀರಿ… ತಗಿಯೂದಿಲ್ಲಾ?

ಶಂಕು.

ಉಸಿರು ತಾಗಲಿಲ್ಲ, ಅಲ್ರಿ? ತಾಗೂದಿಲ್ಲ. ಅವ ಸರಿಯಾಗಿ ಬರದಿದ್ದ.